ಐ ಹಾನನ ಮಣಿಕಟ್ಟಿನ ಬಿಳಿ ನೂಲು

ಆ ಬೆಳಗ್ಗೆ ದೂರದ ಪೂರ್ವದೇಶದ ಪನ್ನಾ ಸೀಮೆಯ ಕಾಡಿನ ಮೇಲೆ ಮಂಜು ದಟ್ಟವಾಗಿ ಇಳಿದಿತ್ತು. ಮಳೆಯಲ್ಲ, ಬರಿಯ ಮಂಜು. ಆದರೂ ಎಲೆಯಿಂದ ಎಲೆಗೆ ಟಪ್ ಟಪ್ ಎಂದು ಹನಿ ಬೀಳುವ ಸದ್ದು. ಚಾಚಿದ ಕೈ ಕಾಣದು.

ಯೀ ಸೆಂಗ್ ವಿಹಾರಕ್ಕೆ ಹೊರಟಿದ್ದಳು. ಬುಟ್ಟಿಯಲ್ಲಿ ಬುದ್ಧನ ಎಡೆಗೆಂದು ಅಜ್ಜಿ ಬೇಯಿಸಿಕೊಟ್ಟ ಬಿಸಿ ಅಂಟಕ್ಕಿ ಅನ್ನ. ದಾರಿ ಅಭಯಾರಣ್ಯದ ಅಂಚಿನಲ್ಲೇ ಹಾಯುತ್ತಿತ್ತು.

ಎದುರಿಗೊಂದು ಬಂಡೆ. ನಿನ್ನೆ ಇಲ್ಲಿ ಬಂಡೆ ಇರಲಿಲ್ಲವಲ್ಲ...

ಬಂಡೆ ಉಸಿರು ಬಿಟ್ಟಿತು!

ಯಾರದೋ ಕೈ ಅವಳ ಬಾಯಿ ಮುಚ್ಚಿತು. ಇನ್ನೊಂದು ಕೈ ಬುಟ್ಟಿ ಕಿತ್ತು ದೂರಕ್ಕೆಸೆಯಿತು. ಅನ್ನದ ಪರಿಮಳದ ಕಡೆಗೆ ಆ ಕರಿಯ ಗೋಡೆ ನಿಧಾನ ತಿರುಗಿತು. ಅದರ ಹೊಟ್ಟೆಯಡಿ ಒಂದು ಮರಿ. ಅವಳನ್ನು ಹಳ್ಳ ದಾಟಿಸಿ ಆಚೆ ದಂಡೆ ಹತ್ತಿಸುವವರೆಗೂ ಬಾಯಿ ಮುಚ್ಚಿದ್ದ ಕೈ ಸರಿಯಲಿಲ್ಲ.

ಅವನು ಐ ಹಾನ್, ಅಭಯಾರಣ್ಯದ ಆನೆ ಕಾವಲುಗಾರ. ಆನೆ ಎಲ್ಲಿದೆಯೆಂದು ದಿನಾ ಬೆಳಗ್ಗೆ ಸುತ್ತಲ ಊರುಗಳಿಗೆ ಮೈಕಿನಲ್ಲಿ ಹೇಳುವ ದನಿ ಅವನದೇ. ಇವತ್ತು ಅದನ್ನು ಕೇಳದೆ ಅವಳು ಮನೆ ಬಿಟ್ಟಿದ್ದಳು.

ಕೃತಜ್ಞತೆಯ ಬದಲು ಅವಳ ಬಾಯಿಂದ ಬಂದದ್ದು ಬೇರೆಯೇ ಮಾತು.

"ಅದು ನಮ್ಮಪ್ಪ ಹೆಣೆದ ಬುಟ್ಟಿ. ಅಪ್ಪ ಹೋದ್ಮೇಲೆ ಉಳಿದಿದ್ದು ಅದೊಂದೇ."

"ಜೀವ ಉಳಿಸಿದವನಿಗೆ ಒಳ್ಳೇ ಉಪಚಾರ ಇದು," ಎಂದು ನಕ್ಕವನು, ಅವಳ ಕಣ್ಣು ನೋಡಿ ನಗು ನುಂಗಿದ. "ಆ ಬುಟ್ಟಿ ನನ್ನ ಮೇಲಿರೋ ಸಾಲ. ತಂದುಕೊಡ್ತೀನಿ."

ಬುದ್ಧನ ಅನ್ನ ಆನೆಯ ಪಾಲಾಯಿತೆಂದು ಕೇಳಿದ ಅಜ್ಜಿ, ಪುಣ್ಯ ಆನೆಗೂ ಬೇಡವೇ ಎಂದು ಕಾಡಿನತ್ತ ಕೈಮುಗಿದಳು.

ಅಂದಿನಿಂದ ಯೀ ಸೆಂಗ್ ಮೈಕಿಗೆ ಕಿವಿಗೊಟ್ಟೇ ಏಳುತ್ತಿದ್ದಳು. ಹಳ್ಳದ ಕಡೆ ಹೋಗಬೇಡಿ, ತಾಯಾನೆ ಮರಿ ಜೊತೆ ಇದೆ ಎಂಬ ಒಣ ಸುದ್ದಿಯೂ ತನಗೊಬ್ಬಳಿಗೇ ಹೇಳಿದಂತೆ! ತನ್ನ ಹುಚ್ಚಿಗೆ ತಾನೇ ನಾಚುವಳು.

ಒಂದು ಬೆಳಗ್ಗೆ ಮೈಕಿನಲ್ಲಿ ಬೇರೆ ಯಾರದೋ ಗೊಗ್ಗರು ದನಿ. ಮರುದಿನವೂ ಅದೇ. ಅವನೆಲ್ಲಿ?

ಸಂತೆಯಲ್ಲಿ ಕಂಡ. ಎರಡೂ ಮಣಿಕಟ್ಟಿಗೆ ಬಿಳಿ ನೂಲು!

ಅವಳ ಕೈಯಲ್ಲಿದ್ದ ಬಾಳೆಹೂ ಜಾರಿ ಬಿತ್ತು. ಭಿಕ್ಷುಗಳ ಮಳೆಗಾಲದ ವರ್ಷಾವಾಸ ಮುಗಿದು ಊರೂರಲ್ಲಿ ಮದುವೆಗಳು ನಡೆಯುವ ಕಾಲ ಅದು. ವಧೂವರರ ಜೀವಗಳು ಕೂಡಿಬಾಳಲೆಂದು ಹಿರಿಯರು ಮಣಿಕಟ್ಟಿಗೆ ಬಿಳಿ ನೂಲು ಕಟ್ಟುತ್ತಾರೆ.

"ನೂಲು ಕಟ್ಟಿಸ್ಕೊಂಡ್ರಾ?"

ಅವನು ಹೌದೆಂದು ತಲೆಯಾಡಿಸಿದ. ಏನೋ ಹೇಳಲು ಬಾಯಿ ತೆರೆದ, ಮುಚ್ಚಿದ.

"ಬುಟ್ಟಿ ಬೇಡ. ಸಾಲ ಬಿಟ್ಟೆ," ಎಂದು ಹಿಂತಿರುಗಿ ನೋಡದೆ ನಡೆದಳು.

ಮನೆ ಅಳಿಯನಾಗಿ ಬರಲು ಒಪ್ಪಿದ ಕೆಳದಂಡೆಯ ಹುಡುಗನೊಬ್ಬನನ್ನು ಅವಳ ಸೋದರತ್ತೆ ಗೊತ್ತುಮಾಡಿದ್ದಳು. ಇಷ್ಟು ದಿನ ನೆಪ ಹೇಳಿ ಮುಂದೂಡಿದವಳು ಆ ಸಂಜೆ, ಹುಣ್ಣಿಮೆಗೆ ಬಂದು ಮಾತು ಮುಗಿಸಲಿ ಎಂದುಬಿಟ್ಟಳು.

ಹುಣ್ಣಿಮೆಗೆ ಮುಂಚಿನ ದಿನ ಹೆಂಗಸೊಬ್ಬಳು ಕಂಬಗಳ ಮೇಲೆ ನಿಂತ ಅವರ ಅಟ್ಟದ ಮನೆಯ ಏಣಿ ಹತ್ತಿ ಬಂದಳು. ಆಚೆ ದಂಡೆಯ ಊರಿನವಳು, ಐ ಹಾನನ ತಾಯಿ. ಮಗ ಬುಟ್ಟಿ ಹುಡುಕಲು ಮತ್ತೆ ಕಾಡಿಗೆ ಹೋಗಿದ್ದನಂತೆ. ಮರಿಯ ತಾಯಿ ಅಟ್ಟಿಸಿಕೊಂಡು ಬಂತಂತೆ. ಬುಟ್ಟಿ ಎದೆಗವಚಿಕೊಂಡು ಕೊರಕಲಿಗೆ ಉರುಳಿ ಬದುಕಿಬಂದ. ಮಾತು ಮಾತ್ರ ಬರಲಿಲ್ಲ.

"ಹೆದರಿ ಕಾಡಲ್ಲೇ ಉಳಿದ ಜೀವ ಮನೆಗೆ ಬರಲಿ ಅಂತ ಹಿರಿಯರು ನೂಲು ಕಟ್ಟಿದ್ರು."

"ಅದು... ಮದುವೆ ನೂಲಲ್ವಾ?"

"ಯಾರ ಮದುವೆ ತಾಯಿ?"

ಯೀ ಸೆಂಗ್ ಹಣೆ ಚಚ್ಚಿಕೊಂಡಳು. ಮಾತು ಕಳೆದುಕೊಂಡವನ ಮುಖಕ್ಕೆ ಎಂಥ ಮಾತು ಎಸೆದು ಬಂದೆ ನಾನು!

"ಬುಟ್ಟಿ ಮುಂದಿಟ್ಕೊಂಡು ಕೂತಿರ್ತಾನೆ. ಅವನ ಜೀವ ಕಾಡಲ್ಲಿಲ್ಲ ಕಣಮ್ಮ, ಇಲ್ಲೇ ಎಲ್ಲೋ ಇದೆ ಅನ್ಸುತ್ತೆ. ಒಂದ್ಸಲ ನೀನು ಕರೆದು ನೋಡು."

ಅಜ್ಜಿ ರಾಟೆಯಿಂದ ಒಂದೆಳೆ ನೂಲು ಕಿತ್ತು ಮೊಮ್ಮಗಳ ಕೈಗಿಟ್ಟಳು. ಕೆಳದಂಡೆಯವರು ಬರುವುದು ಬೇಡವೆಂದು ಅತ್ತೆಗೆ ಹೇಳಿಕಳಿಸಿದಳು.

ಐ ಹಾನ್ ತನ್ನ ಮನೆಯಡಿಯ ನೆರಳಲ್ಲಿ ಕೂತಿದ್ದ. ಪಕ್ಕದಲ್ಲಿ ಬುಟ್ಟಿ. ಆನೆ ತುಳಿದ ಮಗ್ಗುಲಿಗೆ, ಅವಳಪ್ಪ ಹೆಣೆದ ಹೊಗೆಗಪ್ಪು ಬಿದಿರಿನ ನಡುವೆ ಹಸಿರು ಬಿದಿರಿನ ಎಳೆಗಳನ್ನು ಕೂಡಿಸಿ ಹೆಣೆದಿದ್ದ.

ಅವಳು ಅವನ ಕೈ ತೆಗೆದುಕೊಂಡು ನೂಲು ಸುತ್ತತೊಡಗಿದಳು. ಹಿರಿಯರು ಕರೆಯುವ ಹಾಗೆಯೇ ಕರೆದಳು.

"ಕಾಡಲ್ಲಿದ್ರೆ ಕಾಡಿಂದ ಬಾ. ಹಳ್ಳದಲ್ಲಿದ್ರೆ ಹಳ್ಳದಿಂದ ಬಾ..." ಅವಳ ದನಿ ಒಡೆಯಿತು. "ಐ ಹಾನ್, ನನ್ನ ಹತ್ರ ಬಾ."

ಅವನ ಕಣ್ಣಿಂದ ಒಂದು ಹನಿ ನೂಲಿನ ಮೇಲೆ ಬಿತ್ತು.

"...ಬಂದೆ."

ತುಕ್ಕು ಹಿಡಿದ ಬೀಗ ತೆರೆದಂಥ ದನಿ! ಮೇಲೆ ಜಗಲಿಯಲ್ಲಿ ಅವನ ತಾಯಿಯ ಕೈಯಿಂದ ಏನೋ ಬಿದ್ದ ಸದ್ದು.

"ಅವತ್ತು ಸಂತೇಲಿ ನಾನು..." ಎಂದಳು ಅವಳು.

"ಹೇಳೋಕೆ ಅಂತಾನೇ ಬಂದಿದ್ದೆ. ಆಗ್ಲಿಲ್ಲ."

"ಈಗ ಹೇಳು."

ಅವನು ಮೈಕಿನ ಮುಂದೆ ನಿಂತವನಂತೆ ಬೆನ್ನು ನೆಟ್ಟಗೆ ಮಾಡಿದ. "ಊರವರ ಗಮನಕ್ಕೆ. ಆನೆ ಬೆಟ್ಟದ ಆಚೆ ಹೋಗಿದೆ. ವಿಹಾರಕ್ಕೆ ಹೋಗೋರು ಹೋಗಬಹುದು. ಜೊತೇಲಿ... ಒಬ್ಬ ಬರ್ತಾನೆ."

ಅಳುತ್ತಲೇ ನಕ್ಕಳು. "ವಿಹಾರದವರೆಗೆ ಮಾತ್ರಾನಾ? ನಮ್ಮ ಮನೇಗೂ ಬಂದು ಇರ್ತೀಯಾ?"

"ಅಜ್ಜಿ ಆನೆಗೆ ಹಾಕಿದಷ್ಟೇ ಅನ್ನ ನಂಗೂ ಹಾಕಿದ್ರೆ."

ಮತ್ತೇನೂ ಹೇಳದೆ ಅವನು ಬುಟ್ಟಿಯನ್ನು ಎರಡೂ ಕೈಯಲ್ಲೆತ್ತಿ, ಅವಳ ಮಡಿಲಲ್ಲಿ ಮೆಲ್ಲನೆ ಇಟ್ಟ.