ಸೇತುವೆಯ ಅಧ್ಯಾಯ

"ಆ ಯುದ್ಧದ ಬಗ್ಗೆ ಇನ್ನೊಂದು ಪುಸ್ತಕ ಬೇಕಿತ್ತಾ ಈ ದೇಶಕ್ಕೆ?"

ಒಳಗೆ ಬಂದು ಕುರ್ಚಿ ಎಳೆದುಕೊಳ್ಳುವ ಮೊದಲೇ ಪ್ರಶ್ನೆ ಮುಖಕ್ಕೆ ಬಂದು ಬಡಿದಾಗ ಅವನು ನಿಂತಲ್ಲೇ ನಿಂತುಬಿಟ್ಟ.

ಕಾಲೇಜಿನಲ್ಲಿ ಇತಿಹಾಸ ಪಾಠ ಹೇಳುವ ಮೇಷ್ಟ್ರು ಅವನು. ಆ ಯುದ್ಧದಲ್ಲಿದ್ದ ಸೈನಿಕರನ್ನು ಹುಡುಕಿಕೊಂಡು ವರ್ಷಗಟ್ಟಲೆ ಊರೂರು ಅಲೆದು ಬರೆದ ಪುಸ್ತಕದ ಹಸ್ತಪ್ರತಿ ಅವನ ಚೀಲದಲ್ಲಿತ್ತು. ಎದುರಿಗಿದ್ದವಳು ಪ್ರಕಾಶನದ ಸಂಪಾದಕಿ. ಕಚೇರಿಯವರು ಅವಳ ಬೆನ್ನ ಹಿಂದೆ ಕರೆಯುತ್ತಿದ್ದದ್ದು 'ಕತ್ತರಿ' ಅಂತ. ಎಂಥ ದೊಡ್ಡ ಲೇಖಕನಾದರೂ ಅವಳ ಕೈಗೆ ಸಿಕ್ಕರೆ ಪುಟಗಟ್ಟಲೆ ಉದುರುವುದು ಗ್ಯಾರಂಟಿ!

"ಅರ್ಧ ಜನ ಆ ಯುದ್ಧ ಆಗಲೇಬೇಕಿತ್ತು ಅಂತಾರೆ. ಇನ್ನರ್ಧ ಜನ, ಸುಳ್ಳು ಹೇಳಿ ಹುಡುಗರನ್ನ ಸಾಯೋಕೆ ಕಳ್ಸಿದ್ರು ಅಂತಾರೆ. ಅಲ್ಲಿ ನಿಜವಾಗಿ ಏನಾಯ್ತು ಅಂತ ಯಾರೂ ಹೇಳಲ್ಲ. ಅದಕ್ಕೇ ಬರೆದೆ," ಎಂದ ಮೆಲ್ಲಗೆ.

"ಏನಾಯ್ತು ಅಂತ ನನ್ನ ಕೇಳಿ, ನಾನು ಹೇಳ್ತೀನಿ! ನಮ್ಮಣ್ಣ ಸತ್ತ. ಹಳೇ ಸೇತುವೆ ಹತ್ರ, ಶತ್ರುಗಳ ಗುಂಡಿಗೆ ಎದೆ ಕೊಟ್ಟು ಸತ್ತ. ಅವನನ್ನ ನೀವು ಅಡಿಟಿಪ್ಪಣಿ ಮಾಡಿ ಪುಟದ ಕೆಳಗೆ ತಳ್ಳಿದ್ರೆ... ನಾನು ಸುಮ್ನಿರಲ್ಲ."

ಅವನ ಮುಖ ಬಿಳಿಚಿಕೊಂಡಿತು. ಹಸ್ತಪ್ರತಿಯನ್ನು ಮೇಜಿನ ಮೇಲಿಟ್ಟವನು ಏನೋ ಯೋಚಿಸಿ, ಮಧ್ಯದಿಂದ ಕೆಲವು ಹಾಳೆಗಳನ್ನು ತೆಗೆದು ಮತ್ತೆ ಚೀಲಕ್ಕೆ ಹಾಕಿಕೊಂಡ.

"ಸೇತುವೆಯ ಅಧ್ಯಾಯ ಇನ್ನೂ ಸರಿಮಾಡ್ಬೇಕು. ಆಮೇಲೆ ಕೊಡ್ತೀನಿ."

'ಪರವಾಗಿಲ್ಲ... ಸತ್ತವರ ಬಗ್ಗೆ ಮರ್ಯಾದೆ ಇರೋ ಮನುಷ್ಯ,' ಅಂದುಕೊಂಡಳು ಅವಳು.

ಪುಸ್ತಕದ ಕೆಲಸ ಶುರುವಾಯಿತು. ಬೆಟ್ಟ, ನದಿ, ತುಕಡಿಗಳ ನಕ್ಷೆಗಳನ್ನು ಮೇಜಿನ ತುಂಬ ಹರಡಿಕೊಂಡು ಇಬ್ಬರೂ ಅಲ್ಪವಿರಾಮಕ್ಕೂ ಜಗಳವಾಡುತ್ತಿದ್ದರು.

"ಮೇಷ್ಟ್ರೇ, ಈ ವಾಕ್ಯದಲ್ಲಿ ಉಸಿರಾಡೋಕೂ ಜಾಗ ಇಲ್ಲ."

"ಆ ಕಂದಕದಲ್ಲಿ ಅವರಿಗೂ ಇರ್ಲಿಲ್ಲ."

"ಅವರಿಗೆ ಇರ್ಲಿಲ್ಲ ಸರಿ, ಓದುಗರು ಏನು ಪಾಪ ಮಾಡಿದ್ದಾರೆ?"

ಅವನು ನಕ್ಕುಬಿಡುತ್ತಿದ್ದ. ಅಣ್ಣ ಹೋದ ಮೇಲೆ ತನ್ನ ಮಾತಿಗೆ ಯಾರಾದರೂ ಹೀಗೆ ಮನಸಾರೆ ನಕ್ಕದ್ದು ಅವಳಿಗೆ ನೆನಪಿರಲಿಲ್ಲ.

ಸೇತುವೆಯ ಅಧ್ಯಾಯ ಕೊನೆಗೂ ಅವಳ ಕೈಗೆ ಬಂತು. ಶತ್ರುಗಳ ಗುಂಡಿಗೆ ಎದೆ ಕೊಟ್ಟ ಅಣ್ಣನ ಬಗ್ಗೆ ಅದರಲ್ಲಿ ಓದುತ್ತಾ ಅವಳು ಬಿಕ್ಕಿ ಬಿಕ್ಕಿ ಅತ್ತಳು. ಒಂದು ಪದವನ್ನೂ ಮುಟ್ಟಲಿಲ್ಲ. ಅವನು ಮಾತ್ರ ಕಿಟಕಿಯ ಕಡೆ ತಿರುಗಿ ನಿಂತಿದ್ದ. ಪಾಪ, ಸಂಕೋಚದ ಸ್ವಭಾವ ಅಂತ ಅವಳಿಗೆ ಇನ್ನಷ್ಟು ಪ್ರೀತಿ ಉಕ್ಕಿತು.

"ಭಾನುವಾರ ಮನೆಗೆ ಬನ್ನಿ. ಅಮ್ಮನಿಗೆ ತೋರಿಸ್ಬೇಕು."

"ಅಧ್ಯಾಯಾನಾ?"

"ನಿಮ್ಮನ್ನ!"

ಅಮ್ಮ ಮಗಳಿಂದ ಆ ಅಧ್ಯಾಯವನ್ನು ಗಟ್ಟಿಯಾಗಿ ಓದಿಸಿ ಕೇಳಿದರು. ಅವನ ಕೈಗಳನ್ನು ಕಣ್ಣಿಗೊತ್ತಿಕೊಂಡರು. "ನನ್ನ ಮಗನನ್ನ ವಾಪಸ್ ಕೊಟ್ಟೆಯಪ್ಪಾ..." ಅಂದರು. ಅವನು ತಲೆ ಎತ್ತಲಿಲ್ಲ. ಮುಂದಿದ್ದ ಕಾಫಿ ಆರಿ ತಣ್ಣಗಾಯಿತು.

ಪುಸ್ತಕ ಬಂತು. ಚೆನ್ನಾಗಿ ಖರ್ಚೂ ಆಯಿತು. ಗ್ರಂಥಾಲಯದ ಸಭಾಂಗಣದಲ್ಲಿ ಓದುಗರ ಜೊತೆ ಸಂವಾದ ಇಟ್ಟುಕೊಂಡಿದ್ದರು. ಅವಳು ಮುಂದಿನ ಸಾಲಿನಲ್ಲಿ ಹೆಮ್ಮೆಯಿಂದ ಕೂತಿದ್ದಳು.

ಹಿಂದಿನಿಂದ ಕಿವಿಗೆ ಯಂತ್ರ ಹಾಕಿಕೊಂಡಿದ್ದ ವಯಸ್ಸಾದವರೊಬ್ಬರು ಎದ್ದು ನಿಂತರು.

"ನಾನು ಫಿರಂಗಿ ದಳದಲ್ಲಿದ್ದೆ. ಅವತ್ತು ಸೇತುವೆ ಮೇಲೆ ಬಿದ್ದಿದ್ದು ಶತ್ರುಗಳದ್ದಲ್ಲ, ನಮ್ಮದೇ ಶೆಲ್‌ಗಳು. ನಮ್ಮೋರು ಆಗ್ಲೇ ಸೇತುವೆ ದಾಟಿದಾರೆ ಅಂತ ಮೇಲಿಂದ ತಪ್ಪು ಸುದ್ದಿ ಕೊಟ್ರು. ಹೊಡೀರಿ ಅಂದ್ರು. ಹೊಡೆದ್ವಿ. ನಿಮ್ಮ ಮುಂದೆ ಅತ್ತುಕೊಂಡು ಇದೆಲ್ಲಾ ಹೇಳಿದ್ನಲ್ಲ ಮೇಷ್ಟ್ರೇ... ಯಾಕೆ ಬಿಟ್ರಿ?"

ಸಭೆಯಲ್ಲಿದ್ದವರೆಲ್ಲ ವೇದಿಕೆಯ ಕಡೆ ತಿರುಗಿದರು.

ಅವನ ಕಣ್ಣು ಅವಳ ಕಡೆ ತಿರುಗಿತು. ಆ ಒಂದು ನೋಟ ಸಾಕಾಯಿತು... ಅವನು ಅವತ್ತು ಚೀಲಕ್ಕೆ ಹಾಕಿಕೊಂಡ ಹಾಳೆಗಳಲ್ಲಿ ಏನಿತ್ತು ಅಂತ ಅವಳಿಗೆ ಗೊತ್ತಾಗಿಹೋಯಿತು.

ಹೊರಗಿನ ಕಾರಿಡಾರಿನಲ್ಲಿ ಅವನು ಓಡಿ ಬಂದು ಅವಳನ್ನು ತಡೆದ.

"ಒಂದು ನಿಮಿಷ ಕೇಳಿ! ನಾನು ಬರೆದಿದ್ದೆ. ಎಲ್ಲಾ ಬರೆದಿದ್ದೆ. ಅವತ್ತು ನೀವು ನಿಮ್ಮಣ್ಣನ ವಿಷಯ ಹೇಳಿದಾಗ... ಕೊಡೋಕೆ ಕೈ ಬರ್ಲಿಲ್ಲ. ನಿಮಗೋಸ್ಕರ..."

"ನನಗೋಸ್ಕರ ಅನ್ಬೇಡಿ!" ಅವಳು ಹಿಂದೆ ಸರಿದಳು. "ಸೈನ್ಯದವರೂ ಹಾಗೇ ಅಂದಿದ್ರು. ನಿಮ್ಮ ಒಳ್ಳೇದಕ್ಕೇ ಹೇಳ್ತಿದೀವಿ, ಅಣ್ಣನ ಶವದ ಪೆಟ್ಟಿಗೆ ತೆಗೆದು ನೋಡ್ಬೇಡಿ ಅಂದ್ರು. ನಾವು ನೋಡ್ಲಿಲ್ಲ. ಅವರು ಪೆಟ್ಟಿಗೆಗೆ ಮೊಳೆ ಹೊಡೆದು ಕಳ್ಸಿದ್ರು... ನೀವು ಅದರ ಮೇಲೆ ಇನ್ನೊಂದು ಮೊಳೆ ಹೊಡೆದ್ರಿ. ನನ್ನ ಕೈಯಲ್ಲೇ ಅಚ್ಚು ಹಾಕಿಸಿ!"

ಅವಳು ತಿರುಗಿ ನೋಡದೆ ಮೆಟ್ಟಿಲಿಳಿದಳು.

'ಪ್ರೀತಿಯಂತೆ! ಯಾರು ಕೇಳಿದ್ರು ಇಂಥ ಪ್ರೀತೀನ?'

ಆಮೇಲೆ ಅವನ ಫೋನು ಎತ್ತಲಿಲ್ಲ. ಅಮ್ಮನಿಗೆ ಹೇಳುವುದೋ ಬೇಡವೋ ಅಂತ ಒಳಗೊಳಗೇ ಬೆಂದಳು. ಹೇಳದಿದ್ದರೆ ತನಗೂ ಅವನಿಗೂ ಏನು ವ್ಯತ್ಯಾಸ? ಒಂದು ಬೆಳಿಗ್ಗೆ, ಬಟ್ಟೆ ಮಡಚುತ್ತಿದ್ದ ಅಮ್ಮನ ಪಕ್ಕ ಕೂತು ಎಲ್ಲವನ್ನೂ ಹೇಳಿಬಿಟ್ಟಳು.

ಅಮ್ಮ ಅಳಲಿಲ್ಲ. ಕೈಯಲ್ಲಿದ್ದ ಟವೆಲನ್ನು ಮಡಚಿದರು, ಬಿಚ್ಚಿದರು, ಮತ್ತೆ ಮಡಚಿದರು.

"ನಮ್ಮೋರೇನಾ..." ಅಂದರು. ಟವೆಲನ್ನು ಪಕ್ಕಕ್ಕಿಟ್ಟು ಕೇಳಿದರು. "ಪುಟ್ಟೀ... ಹೊಡೀತಿರೋದು ನಮ್ಮೋರೇ ಅಂತ ಅವನಿಗೆ ಗೊತ್ತಾಗಿತ್ತಾ?"

ಈ ಪ್ರಶ್ನೆಗೆ ಉತ್ತರ ಹೇಳಬಲ್ಲವನು ಒಬ್ಬನೇ ಇದ್ದ. ಹಲ್ಲು ಕಚ್ಚಿಕೊಂಡು ಅವಳು ಕಾಲೇಜಿಗೆ ಹೋದಳು. ತರಗತಿ ಆಗಷ್ಟೇ ಬಿಟ್ಟಿತ್ತು. ಅವನು ಕಪ್ಪುಹಲಗೆ ಒರೆಸುತ್ತಿದ್ದ. ಗಡ್ಡ ಬೆಳೆದಿತ್ತು. ಅವಳನ್ನು ಕಂಡು ಡಸ್ಟರ್ ಹಿಡಿದೇ ನಿಂತ.

"ರಾಜಿಗೆ ಬಂದಿಲ್ಲ ನಾನು. ಅಮ್ಮ ಒಂದು ಮಾತು ಕೇಳ್ತಿದಾರೆ. ಹೊಡೀತಿರೋದು ಯಾರು ಅಂತ ಅಣ್ಣನಿಗೆ ಗೊತ್ತಾಗಿತ್ತಾ?"

'ಇಲ್ಲ ಅನ್ಲಿ... ದೇವರೇ, ಇಲ್ಲ ಅನ್ಲಿ!'

ಅವನು ಬೆಂಚಿನ ಮೇಲೆ ಕುಸಿದು ಕೂತ. ಒಂದು ಪದ ಸಾಕಿತ್ತು. ಅವಳು, ಅಮ್ಮ, ಅವನು... ಎಲ್ಲರೂ ಹಗುರಾಗಬಹುದಿತ್ತು.

"ಗೊತ್ತಾಗಿತ್ತು," ಎಂದ. "ಜೊತೆಗಿದ್ದ ವೈರ್‌ಲೆಸ್ಸಿನವನು ಬದುಕಿ ಬಂದಿದಾನೆ. ಅವನೇ ಹೇಳಿದ. ಶೆಲ್ ಬರೋ ದಿಕ್ಕು ನೋಡಿ ನಿಮ್ಮಣ್ಣನಿಗೆ ತಕ್ಷಣ ಗೊತ್ತಾಯ್ತಂತೆ. ನಿಲ್ಸಿ, ಇಲ್ಲಿರೋದು ನಾವೇ ಅಂತ ವೈರ್‌ಲೆಸ್ಸಲ್ಲಿ ಕೂಗ್ತಾನೇ ಇದ್ರಂತೆ..."

ಅವಳು ಗೋಡೆಗೆ ಒರಗಿ ಕೂತುಬಿಟ್ಟಳು. ಎದೆಯೊಳಗೆ ಕಟ್ಟಿಕೊಂಡಿದ್ದದ್ದೆಲ್ಲ ಒಡೆದು ಬಂತು. ಅವನು ಹತ್ತಿರ ಬಂದು ಕೂತ, ಮುಟ್ಟಲು ಧೈರ್ಯವಾಗದೆ.

"ಈಗಲೂ ಸುಳ್ಳು ಹೇಳ್ಬೋದಿತ್ತಲ್ಲ ನೀವು?"

"ಹೇಳ್ಬೋದಿತ್ತು. ಒಂದು ಸಲ ಹೇಳಿ ನಿಮ್ಮನ್ನ ಕಳ್ಕೊಂಡೆ. ಸತ್ಯ ಹೇಳಿ ಕಳ್ಕೊಂಡ್ರೆ... ಕಡೇಪಕ್ಷ ನನ್ನ ಮುಖ ನಾನು ನೋಡ್ಕೋಬೋದು."

ಅವಳು ಕಣ್ಣೊರೆಸಿಕೊಂಡಳು. "ಏಳಿ. ಇದನ್ನ ಅಮ್ಮನಿಗೆ ನೀವೇ ಹೇಳ್ಬೇಕು."

ಅವನು ಹೇಳಿದ. ಅಮ್ಮನ ಎದುರು ನೆಲದ ಮೇಲೆ ಕೂತು, ಏನನ್ನೂ ಮುಚ್ಚಿಡದೆ.

"ಕೂಗಿದ್ನಾ ನನ್ನ ಮಗ?"

"ಕೂಗಿದ್ರು ಅಮ್ಮಾ."

"ಯಾರಿಗೂ ಕೇಳಿಸ್ಲಿಲ್ವಾ?"

"ಕೇಳಿಸ್ತು. ಆದ್ರೆ ಮೇಲಿನವರು ನಂಬ್ಲಿಲ್ಲ. ನಂಬೋ ಹೊತ್ತಿಗೆ..."

ಅಮ್ಮ ಕೈ ಎತ್ತಿ ಸಾಕು ಅಂದರು. ಎದ್ದು ಒಳಗೆ ಹೊರಟವರು ಬಾಗಿಲಲ್ಲಿ ನಿಂತರು.

"ಬರಿ. ಅವನು ಕೂಗಿದ್ದನ್ನ ಬರಿ. ಆದ್ರೆ ಅವತ್ತು ನನ್ನ ಮುಂದೆ ಕೂತು ಆ ಸುಳ್ಳು ಕೇಳಿಸ್ಕೊಂಡೆಯಲ್ಲ... ಅದನ್ನ ನಾನು ಮರೆಯಲ್ಲ."

ಬಾಗಿಲು ಮುಚ್ಚಿಕೊಂಡಿತು. ಒಳಗಿನಿಂದ, ಇಷ್ಟು ವರ್ಷ ಹೆಮ್ಮೆಯ ಅಡಿಯಲ್ಲಿ ಅದುಮಿಟ್ಟಿದ್ದ ಅಳು ಕೇಳಿಸಿತು.

ಇಬ್ಬರೂ ಹೊರಗೆ ಮೆಟ್ಟಿಲ ಮೇಲೆ ಬಂದು ನಿಂತರು. ಬೀದಿಯಲ್ಲಿ ಯಾರೋ ಸ್ಕೂಟರ್ ಚಾಲೂ ಮಾಡಲು ಒದ್ದಾಡುತ್ತಿದ್ದರು.

"ಎರಡನೇ ಮುದ್ರಣಕ್ಕೆ ಹಳೇ ಅಧ್ಯಾಯ ವಾಪಸ್ ಹಾಕೋಣ," ಎಂದಳು.

"ಪ್ರಕಾಶನದ ಯಜಮಾನ್ರು ಒಪ್ಪಲ್ಲ. ನಿಮ್ಮ ಕೆಲಸ ಹೋಗತ್ತೆ."

"ಹೋಗ್ಲಿ."

ಅವನು ಅವಳ ಕಡೆ ತಿರುಗಿದ. "ನೀವು... ನನ್ನನ್ನ ಕ್ಷಮಿಸಿದ್ರಾ?"

"ಇಲ್ಲ."

ಅವನು ತಲೆಯಾಡಿಸಿ ಒಂದು ಮೆಟ್ಟಿಲು ಕೆಳಗಿಳಿದ. ಅವಳು ಅವನ ತೋಳು ಹಿಡಿದಳು.

"ಪ್ರೀತಿ ಹೋಗಿದೆ ಅಂತ ಅಂದ್ನಾ? ಕ್ಷಮಿಸೋಕೆ ಟೈಮ್ ಬೇಕು. ಪಕ್ಕದಲ್ಲಿ ಇದ್ದುಕೊಂಡೇ ಕಾಯಬೇಕು ನೀನು... ನಾಳೆ ಹಾಳೆಗಳನ್ನ ತಗೊಂಡು ಬಾ."

ಅವನ ಕಣ್ಣು ತುಂಬಿ ಬಂತು.

"ಬಾ... ಅಂದ್ರಾ?"

"ಹೂಂ. ಬಾ ಅಂದೆ."