ಒಂಬತ್ತಾದ ಮೇಲೆ ಅ

“ಷೋಡಶಮಾನ ಅಂದ್ರೆ ನಿಮಗೆ ಏನನ್ನಿಸುತ್ತೆ?”

ಅವರು ನನ್ನ ಹತ್ತಿರ ಆಡಿದ ಮೊದಲ ಮಾತು ಇದು. ಅದಕ್ಕೆ ಮೊದಲು ಎಷ್ಟೋ ದಿನ ನಾನು ಪ್ರೆಸ್ಸಿನ ಮಹಡಿಯ ಮೇಲೆ ಕಂಪ್ಯೂಟರಿನಲ್ಲಿ ಟೈಪ್ ಮಾಡುತ್ತಿದ್ದೆ, ಅವರು ಪಕ್ಕದ ಕುರ್ಚಿಯಲ್ಲಿ ಕೂತು ತಮ್ಮ ನಿಘಂಟಿನ ಕರಡು ತಿದ್ದುತ್ತಿದ್ದರು. ನಮ್ಮಿಬ್ಬರ ನಡುವೆ ಒಂದು ಟೇಬಲ್ ಫ್ಯಾನ್ ಇತ್ತು. ಅದು ಒಮ್ಮೆ ಅವರ ಕಡೆ, ಒಮ್ಮೆ ನನ್ನ ಕಡೆ ತಿರುಗುತ್ತಿತ್ತು. ಆ ಕೋಣೆಯಲ್ಲಿ ಇಬ್ಬರ ಜೊತೆಗೂ ಮಾತಾಡುತ್ತಿದ್ದದ್ದು ಅದೊಂದೇ.

ಷೋಡಶಿ ಅಂದರೆ ಹದಿನಾರರ ಹುಡುಗಿ ಎಂದು ನನಗೆ ಗೊತ್ತಿತ್ತು. ಊರವರ ಕವನ ಸಂಕಲನಗಳನ್ನೆಲ್ಲ ಟೈಪ್ ಮಾಡುವವಳಿಗೆ ಅಷ್ಟು ಗೊತ್ತಿರುತ್ತದೆ. ಮಾನ ಅಂದರೆ ಏನೆಂದು ಯಾವ ಹೆಣ್ಣುಮಗುವಿಗೂ ಹೇಳಿಕೊಡಬೇಕಾಗಿಲ್ಲ. ಎರಡನ್ನೂ ಕೂಡಿಸಿ ನೋಡಿದೆ. ಕಿವಿ ಬಿಸಿಯಾಯಿತು. ಎದ್ದು ಒಳಕೋಣೆಗೆ ಹೋದೆ.

ಒಳಗೆ ಬೈಂಡಿಂಗ್ ಅಕ್ಕ ಪುಸ್ತಕದ ಬೆನ್ನಿಗೆ ದಾರ ಹೊಲಿಯುತ್ತಿದ್ದರು. ಪ್ರೆಸ್ಸಿನಲ್ಲಿ ಎಲ್ಲರಿಗಿಂತ ಹಳಬರು. ನನ್ನ ಮುಖ ನೋಡಿ ಸೂಜಿ ಕೆಳಗಿಟ್ಟರು.

“ಏನಾಯ್ತೇ?”

ಹೇಳಿದೆ. ಅವರು ಗೋಂದಿನ ಕೈ ಒರೆಸಿಕೊಂಡು ನೇರ ಆಚೆ ಹೋದರು.

“ಏನ್ರೀ ನಿಘಂಟು ಸ್ವಾಮಿ, ಹದಿನಾರು ವರ್ಷದ ಹುಡುಗೀರ ಮಾನ ನಿಮಗ್ಯಾಕ್ರೀ?”

ನಾನು ಬಾಗಿಲ ಸಂದಿಯಿಂದ ನೋಡಿದೆ. ಅವರ ಕನ್ನಡಕ ಮೂಗಿನ ತುದಿಗೆ ಜಾರಿತ್ತು. ತೊಡೆಯ ಮೇಲಿದ್ದ ಹಾಳೆಗಳು ಒಂದೊಂದೇ ನೆಲಕ್ಕೆ ಬೀಳುತ್ತಿದ್ದವು.

“ಅಯ್ಯೋ, ಅದಲ್ಲಮ್ಮ. ಅದು ಲೆಕ್ಕ.”

“ಯಾವ ಸೀಮೆ ಲೆಕ್ಕ?”

“ಹದಿನಾರರ ಲೆಕ್ಕ. ಕಂಪ್ಯೂಟರ್ ಒಳಗೆ ಬಳಸ್ತಾರೆ. ನಾವು ಹತ್ತರ ಲೆಕ್ಕದಲ್ಲಿ ಎಣಿಸ್ತೀವಲ್ಲ, ಅದು ದಶಮಾನ. ಇದು ಷೋಡಶಮಾನ. ಇಲ್ಲಿ ಮಾನ ಅಂದ್ರೆ ಅಳತೆ. ಹವಾಮಾನ ಅಂತೀವಿ, ಕಾಲಮಾನ ಅಂತೀವಿ, ಹಾಗೆ.”

“ಹಾಗಾದ್ರೆ ವರಮಾನ ಅಂದ್ರೆ ಮದುಮಗನ ಅಳತೆನಾ?”

ಅವರು ನಿಜವಾಗಿಯೂ ಯೋಚನೆ ಮಾಡಿದರು. “ನಿಘಂಟಿನಲ್ಲಿ ಹಾಗಿಲ್ಲ. ಆದ್ರೆ ಎಷ್ಟೋ ಮನೆಗಳಲ್ಲಿ ಹೌದು.”

ಬೈಂಡಿಂಗ್ ಅಕ್ಕ ಸೆರಗು ಬಾಯಿಗೆ ಹಿಡಿದುಕೊಂಡು ನಗುತ್ತ ಒಳಗೆ ಬಂದರು. “ಹೋಗೇ, ಪಾಪದ ಪ್ರಾಣಿ ಅದು,” ಅಂದರು.

ಮಾರನೆಯ ದಿನ ಅವರು ಕುರ್ಚಿಯನ್ನು ಒಂದು ಮೊಳ ಆಚೆಗೆ ಎಳೆದುಕೊಂಡು ಕೂತರು. ಫ್ಯಾನಿನ ಗಾಳಿ ಅವರವರೆಗೆ ಮುಟ್ಟುತ್ತಿರಲಿಲ್ಲ. ಹಣೆಯ ಬೆವರು ಒರೆಸಿಕೊಳ್ಳುತ್ತ, ಮೇಜಿಗೆ ಹೇಳುವ ಹಾಗೆ ಹೇಳಿದರು.

“ನಿನ್ನೆ ತಪ್ಪು ತಿಳ್ಕೋಬೇಡಿ. ಈ ಪುಟದಲ್ಲಿ ‘ಮಾನ’ ಬಂತು, ಆ ಪದ ನೆನಪಾಯ್ತು. ಅದನ್ನ ಕೇಳದೆ ಇದ್ದೋರ ಕಿವಿಗೆ ಹೇಗೆ ಕೇಳುತ್ತೆ ಅಂತ ತಿಳೀಬೇಕಿತ್ತು.”

“ತಿಳೀತಲ್ಲ,” ಅಂದೆ.

ಅವರು ತಲೆಯೆತ್ತಿ ನೋಡಿ ನಕ್ಕರು. ಶಬ್ದವಿಲ್ಲದ ನಗು. ನಾನು ಬೇಗ ಪರದೆಯ ಕಡೆ ತಿರುಗಿದೆ. ಅಲ್ಲಿಯೂ ಗಾಜಿನೊಳಗೆ ಅವರ ನಗು ಕಾಣುತ್ತಿತ್ತು.

ಅವರು ಒಂದು ಸಮಿತಿಗಾಗಿ ತಾಂತ್ರಿಕ ಪದಗಳ ನಿಘಂಟು ಮಾಡುತ್ತಿದ್ದರು. ಸಮಿತಿಯ ಹಿರಿಯರು ಎಲ್ಲೋ ಕೂತು ತೀರ್ಮಾನ ಮಾಡುತ್ತಿದ್ದರು. ಇವರು ಪದ ಹುಡುಕುತ್ತಿದ್ದರು, ನಾನು ಟೈಪ್ ಮಾಡುತ್ತಿದ್ದೆ. ಬಾಡಿಗೆ ಕೋಣೆಯಲ್ಲಿ ಒಬ್ಬರೇ ಇದ್ದರು. ಮಧ್ಯಾಹ್ನ ಡಬ್ಬಿ ಬಿಚ್ಚಿ, ಕಿಟಕಿಯ ಕಡೆ ಮುಖ ಮಾಡಿ ಉಣ್ಣುತ್ತಿದ್ದರು. ಒಬ್ಬರೇ ಉಣ್ಣುವವರು ಎಲ್ಲಾದರೂ ಒಂದು ಕಡೆ ನೋಡಬೇಕಲ್ಲ. ನನಗೆ ಆ ಕಷ್ಟ ಗೊತ್ತಿತ್ತು. ನಾನು ಅಕ್ಕ-ಭಾವನ ಮನೆಯಲ್ಲಿದ್ದೆ. ಅಲ್ಲಿ ಮಾತಿಗೆ ಕೊರತೆ ಇರಲಿಲ್ಲ, ನನ್ನ ಜೊತೆ ಆಡುವ ಮಾತಿಗೆ ಇತ್ತು. ಅಕ್ಕನ ಮಕ್ಕಳ ಬಟ್ಟೆ ಮಡಿಸುತ್ತ ನಾನು ಗೋಡೆ ನೋಡುತ್ತಿದ್ದೆ.

ಒಂದು ದಿನ ನಾನೇ ಕೇಳಿದೆ.

“ಹದಿನಾರರ ಲೆಕ್ಕ ಹೇಗೆ?”

ಅವರು ಪೆನ್ನಿನ ಮುಚ್ಚಳ ಹಾಕಿದರು. “ಒಂದೇ ಅಂಕಿಯಲ್ಲಿ ಎಲ್ಲಿವರೆಗೆ ಎಣಿಸಬಹುದು ಹೇಳಿ?”

“ಒಂಬತ್ತು. ಆಮೇಲೆ ಹತ್ತು, ಅದಕ್ಕೆ ಎರಡು ಅಂಕಿ ಬೇಕು.”

“ಇದರಲ್ಲಿ ಹಾಗಲ್ಲ. ಒಂಬತ್ತಾದ ಮೇಲೂ ಒಂದೇ ಜಾಗದಲ್ಲಿ ಮುಂದೆ ಹೋಗ್ತಾರೆ. ಅಂಕಿ ಮುಗಿದು ಹೋಯ್ತಲ್ಲ, ಅದಕ್ಕೆ ಅಕ್ಷರ. ಇಂಗ್ಲಿಷಿನವರು ಎ ಬಿ ಸಿ ಹಾಕ್ತಾರೆ. ನಮಗೇನು ಅಕ್ಷರಕ್ಕೆ ಬರವಾ? ಒಂಬತ್ತಾದ ಮೇಲೆ ಅ. ಆಮೇಲೆ ಆ, ಇ, ಈ, ಉ, ಊ. ಅಲ್ಲಿಗೆ ಹದಿನೈದು. ಹದಿನಾರಕ್ಕೆ ಒಂದು ಬರೆದು ಪಕ್ಕ ಸೊನ್ನೆ.”

ನಾನು ಬೆರಳ ಗೆಣ್ಣುಗಳ ಮೇಲೆ ಎಣಿಸಿಕೊಂಡೆ. ಆಮೇಲೆ, ಯಾಕೋ ಗೊತ್ತಿಲ್ಲ, ಪ್ರೆಸ್ಸಿನಲ್ಲಿ ಯಾರಿಗೂ ಹೇಳದ್ದನ್ನು ಹೇಳಿದೆ.

“ನಾನು ಒಂಬತ್ತಕ್ಕೇ ನಿಂತೋಳು. ಒಂಬತ್ತನೇ ಕ್ಲಾಸಿಗೆ. ಅಮ್ಮ ಹಾಸಿಗೆ ಹಿಡಿದ್ರು.”

ಅಯ್ಯೋ ಪಾಪ ಎನ್ನುತ್ತಾರೆ ಎಂದು ಕಾದೆ. ಅನ್ನಲಿಲ್ಲ. ಕೀಲಿಮಣೆಯ ಮೇಲಿದ್ದ ನನ್ನ ಕೈಗಳನ್ನು ನೋಡಿದರು.

“ಆಮೇಲೆ ಅಕ್ಷರಕ್ಕೆ ಬಂದ್ರಿ,” ಅಂದರು.

ಕೆಳಗಿನ ಮಹಡಿಯಲ್ಲಿ ಮುದ್ರಣ ಯಂತ್ರ ಓಡುತ್ತಿತ್ತು. ನೆಲ ಸಣ್ಣಗೆ ನಡುಗುತ್ತಿತ್ತು. ಅದು ಯಾವಾಗಲೂ ನಡುಗುತ್ತದೆ. ಆದರೂ ಆವತ್ತು ನಾನು ಕಾಲು ಬೆರಳುಗಳನ್ನು ನೆಲಕ್ಕೆ ಒತ್ತಿ ಕೂತೆ.

ಅಲ್ಲಿಂದ ಮುಂದೆ ಆ ಲೆಕ್ಕ ನಮ್ಮಿಬ್ಬರ ಆಟವಾಯಿತು.

“ಹೆಂಗಸರ ವಯಸ್ಸು ಕೇಳಬಾರದು,” ಅಂದರು ಒಮ್ಮೆ.

“ಇಪ್ಪತ್ತಾರು.”

“ಹಾಗಾದ್ರೆ ಷೋಡಶಮಾನದಲ್ಲಿ ನೀವು ಒಂದು, ಅ.”

“ನೀವು?”

“ಮೂವತ್ತೆರಡು. ಎರಡು, ಸೊನ್ನೆ.”

“ಇಪ್ಪತ್ತು ಅಂತ ಓದಿಕೊಂಡ್ರೆ ನನಗಿಂತ ಚಿಕ್ಕೋರು.”

“ಓದಿಕೊಳ್ಳಿ. ಯಾರು ಬೇಡ ಅಂದ್ರು.”

ಒಳಗಿನಿಂದ ಬೈಂಡಿಂಗ್ ಅಕ್ಕ ಕೂಗಿದರು. “ಲೆಕ್ಕ ಮುಗೀತಾ, ಇನ್ನೂ ಬಾಕಿ ಇದೆಯಾ?”

ಪರದೆಯ ಮೇಲಿನ ಪ್ರತಿ ಬಣ್ಣಕ್ಕೂ ಆ ಲೆಕ್ಕದಲ್ಲಿ ಒಂದು ಸಂಖ್ಯೆ ಇರುತ್ತದೆ ಎಂದು ಅವರೇ ಹೇಳಿದ್ದು. ಕೆಂಪಿಗೆ ಎರಡು ಜಾಗ, ಹಸಿರಿಗೆ ಎರಡು, ನೀಲಿಗೆ ಎರಡು. ಎಲ್ಲ ಸೊನ್ನೆಯಾದರೆ ಕಪ್ಪು, ಎಲ್ಲ ಊ ಆದರೆ ಬಿಳಿ.

“ನೀವು ಹಾಕಿರೋ ಈ ನೀಲಿಗೂ ಒಂದು ಇದೆ.”

“ಎಷ್ಟು?”

ಅವರು ನನ್ನ ತೋಳಿನ ಬಟ್ಟೆ ನೋಡಿದರು. ನೋಟ ಅಲ್ಲಿಂದ ಭುಜಕ್ಕೆ ಬಂತು, ಭುಜದಿಂದ ಕತ್ತಿಗೆ, ಮುಖದ ಹತ್ತಿರ ಬಂದು ದಾರಿ ತಪ್ಪಿದ ಹಾಗೆ ನಿಂತಿತು.

“ಸರಿಯಾಗಿ ನೋಡಿ ಹೇಳಬೇಕು.”

“ನೋಡ್ತಾನೇ ಇದೀರಲ್ಲ.”

ಅವರು ಹಾಳೆ ಎತ್ತಿಕೊಂಡು ಓದತೊಡಗಿದರು. ಹಾಳೆ ತಲೆಕೆಳಗಾಗಿತ್ತು. ನಾನು ಹೇಳಲಿಲ್ಲ.

ಆದರೆ ನಿಘಂಟಿನಲ್ಲಿ ಷೋಡಶಮಾನ ಉಳಿಯುವುದು ಅನುಮಾನವಾಗಿತ್ತು. ಸಮಿತಿಯವರು ಅದರ ಪಕ್ಕ ಒಂದು ಪ್ರಶ್ನೆ ಚಿಹ್ನೆ ಹಾಕಿ ಕಳಿಸಿದ್ದರು.

“ಅರ್ಥ ಇದೆ, ಬಳಕೆ ಎಲ್ಲಿ ಅಂತಾರೆ,” ಅಂದರು ಅವರು. “ಅವರು ಕೇಳೋದೂ ಸರೀನೇ. ಅರ್ಥ ಎಷ್ಟು ಚೆನ್ನಾಗಿದ್ರೇನು. ಯಾರಾದ್ರೂ ಬಾಯಿಬಿಟ್ಟು ಅಂದಾಗಲೇ ಅದು ಮಾತು. ಇಲ್ಲದಿದ್ರೆ ಒಬ್ಬನ ಗೊಣಗಾಟ.”

ಆವತ್ತು ಸಂಜೆ ಪಾತ್ರೆ ತೊಳೆಯುತ್ತ ನಾನು ಆ ಪದವನ್ನು ಗಟ್ಟಿಯಾಗಿ ಹೇಳಿ ನೋಡಿದೆ. ನಲ್ಲಿಯ ನೀರಿನ ಸದ್ದಿನಲ್ಲಿ ಹಗುರವಾಗಿ ಕೇಳಿತು.

“ಏನದು ಗೊಣಗ್ತಿದೀಯ?” ಅಂದರು ಭಾವ, ನೀರು ಕುಡಿಯಲು ಬಂದವರು.

“ಏನಿಲ್ಲ.”

ಆ ಮನೆಯಲ್ಲಿ ನಾನು ಎಲ್ಲಕ್ಕಿಂತ ಹೆಚ್ಚು ಬಳಸುತ್ತಿದ್ದ ಪದ ಅದು.

ನಿಘಂಟಿಗೆ ಒಂದು ಕೆಟ್ಟ ಗುಣವಿದೆ. ಎಷ್ಟು ಉಳಿದಿದೆ ಎಂದು ಅದು ಮೊದಲೇ ಹೇಳಿಬಿಡುತ್ತದೆ. ನಾವು ಮಾತಾಡಲು ಶುರು ಮಾಡಿದ್ದು ‘ಮ’ದಲ್ಲಿ. ಯ, ರ, ಲ ಕಳೆದವು. ವ, ಶ, ಷ ಕಳೆದವು. ಸ ದೊಡ್ಡ ಅಕ್ಷರ, ಅದು ನನ್ನನ್ನು ಬಹಳ ದಿನ ಕಾಪಾಡಿತು. ಆಮೇಲೆ ಹ ಬಂತು. ಹ ಆದ ಮೇಲೆ ಏನೂ ಇಲ್ಲ.

ನಾನು ನಿಧಾನ ಮಾಡಿದೆ. ಒಂದು ಪುಟಕ್ಕೆ ಅರ್ಧ ದಿನ. ಪ್ರೆಸ್ಸಿನ ಯಜಮಾನರು ನನ್ನ ಹಿಂದೆ ಬಂದು ನಿಂತರು.

“ಏನಮ್ಮ, ಕೈ ನೋವಾ?”

“ಇಲ್ಲ ಸರ್. ಒತ್ತಕ್ಷರ ಜಾಸ್ತಿ ಇದೆ.”

ಪಕ್ಕದ ಕುರ್ಚಿಯಲ್ಲಿ ಅವರು ಕೆಮ್ಮಿದರು. ಅದು ಕೆಮ್ಮಾಗಿರಲಿಲ್ಲ.

ಎಷ್ಟು ನಿಧಾನ ಮಾಡಿದರೂ ಹ ಮುಗಿದೇ ಮುಗಿಯಿತು. ಒಂದು ಸಂಜೆ ಸಮಿತಿಯಿಂದ ತಿದ್ದಿದ ಹಾಳೆ ಹಿಡಿದುಕೊಂಡು ಅವರು ಒಳಗೆ ಬಂದರು. ಕೂರಲಿಲ್ಲ.

“‘ಹೆ’ದಲ್ಲಿ ‘ಹೆಕ್ಸಾಡೆಸಿಮಲ್’ ಅಂತ ಇಂಗ್ಲಿಷ್ ಪದವನ್ನೇ ಸೇರಿಸಬೇಕಂತೆ. ಎಲ್ಲರ ಬಾಯಲ್ಲೂ ಇರೋದು ಅದೇ. ಷ-ದಲ್ಲಿ ಇರೋ ಷೋಡಶಮಾನ ತೆಗೀಬೇಕಂತೆ.”

ಸೇರಿಸಿದೆ. ಆಮೇಲೆ ಷ ಪುಟಕ್ಕೆ ಹೋದೆ. ಇದ್ದದ್ದೇ ನಾಲ್ಕಾರು ಪದ.

“ತೆಗೀಲಾ?”

“ತೆಗೀರಿ.”

ಒಂದು ಕೀಲಿ ಒತ್ತಿದೆ. ಕೆಳಗಿನ ಸಾಲು ಮೇಲೆ ಬಂದು ಕೂತಿತು. ಅಲ್ಲಿ ಇನ್ನೊಂದು ಇತ್ತು ಎಂದು ನೋಡಿದವರಿಗೆ ತಿಳಿಯುವಂತೆಯೇ ಇರಲಿಲ್ಲ.

“ನನ್ನ ಕೆಲಸವೂ ಮುಗೀತು,” ಅಂದರು ಅವರು. “ಬೇರೆ ಊರಲ್ಲಿ ವೈದ್ಯಕೀಯ ಪದಗಳದ್ದು ಮಾಡ್ತಿದ್ದಾರೆ. ಕರೆದಿದ್ದಾರೆ. ಸೋಮವಾರದಿಂದ.”

ಕೆಳಗೆ ಯಂತ್ರ ನಿಂತಿತು. ಕೈಚೀಲ ಹಿಡಿದು ಹೊರಟ ಬೈಂಡಿಂಗ್ ಅಕ್ಕ ಅವರನ್ನು ನೋಡಿದರು, ನನ್ನನ್ನು ನೋಡಿದರು. ಹತ್ತಿರ ಬಂದು ನನ್ನ ಕಿವಿಯಲ್ಲಿ, “ನಿನ್ನ ಬಾಯಿಗೂ ನಾನೇ ಗೋಂದು ಹಾಕಿದೀನಾ?” ಅಂದು ಮೆಟ್ಟಿಲಿಳಿದರು.

ಅವರು ಪೆನ್ನುಗಳನ್ನು ಜೇಬಿಗೆ ಹಾಕಿಕೊಳ್ಳುತ್ತಿದ್ದರು. ಕೆಂಪು, ನೀಲಿ. ಚೀಲದ ದಾರ ಎಳೆದು ಗಂಟು ಹಾಕುತ್ತಿದ್ದರು. ಇನ್ನು ಅವರು ‘ಬರ್ತೀನಿ’ ಅನ್ನುತ್ತಾರೆ, ನಾನು ತಲೆಯಾಡಿಸುತ್ತೇನೆ, ಅಲ್ಲಿಗೆ ಆಯಿತು. ನಾಳೆಯಿಂದ ಆ ಕುರ್ಚಿಯ ಮೇಲೆ ಯಾರದೋ ಕಾಗದದ ಕಟ್ಟು ಇಡುತ್ತಾರೆ. ನನಗೆ ಅಷ್ಟೂ ಕಾಣುತ್ತಿತ್ತು.

“ಅರ್ಥ ಇದೆ, ಬಳಕೆ ಇಲ್ಲ ಅಂದ್ರಲ್ಲ,” ಅಂದೆ. ನನ್ನ ದನಿ ನನಗೇ ಅಪರಿಚಿತವಾಗಿತ್ತು.

“ಹೂಂ. ಆ ಪದಕ್ಕೆ.”

“ಅದಕ್ಕೆ ಮಾತ್ರ ಅಲ್ಲ. ನನ್ನ ಹತ್ತಿರಾನೂ ಒಂದಿದೆ. ಅರ್ಥ ಚೆನ್ನಾಗಿ ಗೊತ್ತು. ಬಾಯಿಬಿಟ್ಟು ಒಂದು ಸಲವೂ ಅಂದಿಲ್ಲ.”

ಗಂಟು ಹಾಕುತ್ತಿದ್ದ ಕೈ ನಿಂತಿತು. “ಯಾರಿಗೆ ಅನ್ನಬೇಕಿತ್ತು?”

“ಇಷ್ಟು ದಿನ ಪಕ್ಕದಲ್ಲಿ ಕೂತಿದ್ದೋರಿಗೆ.”

ಅವರು ಕನ್ನಡಕ ತೆಗೆದರು. ಅದಿಲ್ಲದೆ ಅವರ ಕಣ್ಣುಗಳನ್ನು ನಾನು ನೋಡಿರಲಿಲ್ಲ. ಬಹಳ ಕಾಲ ಯಾರೂ ಬಂದುಹೋಗದ ಮನೆಯ ಕಿಟಕಿಯ ಹಾಗಿದ್ದವು. ಮೆಲ್ಲಗೆ ಕುರ್ಚಿಯಲ್ಲಿ ಕೂತರು.

“ನೀವು ‘ಹ’ ನಿಧಾನ ಮಾಡ್ತಿದ್ದದ್ದು ಕಾಣ್ತಿತ್ತು,” ಅಂದರು. “ನನಗೋಸ್ಕರ ಅಂತ ಅಂದ್ಕೊಳ್ಳೋಕೆ ಭಯ ಆಗ್ತಿತ್ತು.”

“ತಪ್ಪೇ ಇಲ್ಲದ ಪುಟಗಳನ್ನ ತಿದ್ದೋಕೆ ವಾಪಸ್ ಕೊಡ್ತಿದ್ರಲ್ಲ, ಅದು?”

“ನೋಡಿಬಿಟ್ರಾ?”

“ನಾನು ನೋಡೋದು ಬಿಟ್ಟು ಬೇರೇನು ಮಾಡ್ತೀನಿ.”

ಅವರು ನಕ್ಕರು, ಈ ಸಲ ಸ್ವಲ್ಪ ಸದ್ದು ಬಂತು. ಆಮೇಲೆ ನಗು ಆರಿತು.

“ಆ ಊರಲ್ಲಿ ನನಗೆ ಯಾರೂ ಗೊತ್ತಿಲ್ಲ. ಒಂದೇ ಕೋಣೆ. ನಾನೋ, ದಿನಗಟ್ಟಲೆ ಸುಮ್ಮನಿದ್ದು ಅಭ್ಯಾಸ ಆದೋನು. ಬರ್ತೀರಾ ಅಂತ ಕೇಳೋಕೆ ಏನಿದೆ ನನ್ನ ಹತ್ತಿರ?”

“ಕೇಳಿ ನೋಡಿ.”

“ಬರ್ತೀರಾ?”

ನಾನು ಕಂಪ್ಯೂಟರ್ ಆರಿಸಿದೆ. ಪರದೆ ಕಪ್ಪಾಯಿತು.

“ಅಕ್ಕನ್ನ ಕೇಳಬೇಕು. ಭಾವನ್ನೂ.”

“ಯಾವಾಗ ಬರಲಿ?”

“ಈಗ.”

ಇಬ್ಬರೂ ಮೆಟ್ಟಿಲಿಳಿದೆವು. ಬೀದಿಯಲ್ಲಿ ಇನ್ನೂ ಬೆಳಕಿತ್ತು. ಟೈಲರ್ ಅಂಗಡಿಯವನು ಹೊರಗಿದ್ದ ಗೊಂಬೆಯನ್ನು ಸೊಂಟ ಹಿಡಿದು ಒಳಗೆ ಎತ್ತಿಕೊಂಡು ಹೋಗುತ್ತಿದ್ದ. ಅವರು ನನ್ನ ಹಿಂದೆ ಹಿಂದೆ ಬರುತ್ತಿದ್ದರು. ಕಾಲುದಾರಿ ಅಗಲವಾದ ಕಡೆ ಪಕ್ಕಕ್ಕೆ ಬಂದರು. ನಮ್ಮ ನೆರಳುಗಳು ನಮಗಿಂತ ಹತ್ತಿರ ಹತ್ತಿರ ನಡೆಯುತ್ತಿದ್ದವು. ನನಗೆ ಹೆದರಿಕೆಯಾಗುತ್ತಿತ್ತು. ಅಕ್ಕ ಬೇಡ ಅನ್ನಬಹುದು. ಭಾವ ಮುಖ ತಿರುಗಿಸಬಹುದು. ಆದರೂ ಮನೆಗೆ ಹೋಗುವ ಆ ದಾರಿಯಲ್ಲಿ, ಎಷ್ಟೋ ವರ್ಷಗಳ ನಂತರ, ನನ್ನ ಹೆಜ್ಜೆಯ ಸದ್ದು ಒಂದೇ ಆಗಿರಲಿಲ್ಲ.

ಬಾಗಿಲು ತೆರೆದದ್ದು ಅಕ್ಕ. ಕೈ ಒದ್ದೆಯಾಗಿತ್ತು. ನನ್ನ ಹೆಗಲ ಮೇಲಿನಿಂದ ಆಚೆ ನೋಡಿದಳು.

“ಯಾರೇ ಇವರು?”

ಇಷ್ಟು ಪದ ಬಲ್ಲವರು ಒಂದೂ ಸಿಗದೆ ನನ್ನ ಬೆನ್ನಿಗೆ ಸರಿದು ನಿಂತರು. ಚೀಲದ ದಾರವನ್ನು ಬೆರಳಿಗೆ ಸುತ್ತಿಕೊಳ್ಳುತ್ತಿದ್ದರು.

“ನಾನು ಕರ್ಕೊಂಡು ಬಂದೋರು ಅಕ್ಕ,” ಅಂದೆ.

ಆಮೇಲೆ ಹಿಂದೆ ತಿರುಗಿ ಅವರಿಗೆ ‘ಬನ್ನಿ’ ಅನ್ನಬೇಕಿತ್ತು.

“ಬಾ,” ಅಂದುಬಿಟ್ಟೆ.

ಅಕ್ಕ ಆ ಒಂದಕ್ಷರ ಕೇಳಿಸಿಕೊಂಡಳು. ನನ್ನ ಮುಖ ನೋಡಿದಳು. ಆಮೇಲೆ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಾಗಿಲಿನಿಂದ ಪಕ್ಕಕ್ಕೆ ಸರಿದು, ಇಬ್ಬರು ಒಟ್ಟಿಗೆ ಒಳಗೆ ಬರುವಷ್ಟು ಜಾಗ ಬಿಟ್ಟು ನಿಂತಳು.