ಹೇರಂಬಬಾಬುಗಳ ಮೊದಲ ನಿರ್ದೇಶನ

"ಅತ್ತಿಗೆ ಮಾಡಿದ ಇಲಿಶ್ ಮೀನಿನ ಸಾರು ಇನ್ನೂ ಬಾಯಲ್ಲಿದೆ, ತರು," ಎಂದು ನಾಯಕನ ವೇಷದ ಹೇರಂಬಬಾಬು ಕ್ಯಾಮೆರಾದ ಮುಂದೆ ನನ್ನ ಗಲ್ಲ ಹಿಡಿದು, ಕಣ್ಣ ತುಂಬ ಪ್ರೀತಿ ತುಂಬಿಕೊಂಡು ಹೇಳುತ್ತಿದ್ದರು. ನಗು ತಡೆಯಲಾರದೆ ನಾನು ಸೆರಗಿನಲ್ಲಿ ಮುಖ ಮುಚ್ಚಿಕೊಳ್ಳುತ್ತಿದ್ದೆ. ಮೂಕಿ ಚಿತ್ರದಲ್ಲಿ ಯಾರು ಏನು ಮಾತಾಡಿದರೇನು? ಇಡೀ ಕಲ್ಕತ್ತ ಅದನ್ನು ನಾಚಿಕೆ ಅಂದುಕೊಂಡು ಶಿಳ್ಳೆ ಹೊಡೆಯಿತು.

ಆರು ಚಿತ್ರ ಹೀಗೇ ಆಯಿತು. ಏಳನೆಯದಕ್ಕೆ ಅವರು ನಿರ್ದೇಶಕರಾದರು. ಮುಖದ ಬಣ್ಣ ಒರೆಸಿಕೊಂಡು, ಕೂಗಿ ಹೇಳಲು ಕೈಯಲ್ಲಿ ತಗಡಿನ ತುತ್ತೂರಿ ಹಿಡಿದು ಕ್ಯಾಮೆರಾದ ಪಕ್ಕ ನಿಂತರು. ನನ್ನ ಗಲ್ಲ ಹಿಡಿಯುವ ಕೆಲಸ ಅನಾದಿ ಎಂಬ ಹೊಸ ನಾಯಕನಿಗೆ ಹೋಯಿತು.

ಎರಡು ತಿಂಗಳಿಂದ ಅವರಿಗೂ ನೆಮ್ಮದಿಯಿಲ್ಲ, ನನಗೂ ಇಲ್ಲ. ಅನಾದಿ ನನ್ನ ಕೈ ಮುಟ್ಟಿದರೆ ಸಾಕು, "ಅಷ್ಟು ಹತ್ತಿರ ಬೇಡ!" ಎಂದು ತುತ್ತೂರಿ ಕೂಗುತ್ತಿತ್ತು. ದೂರ ನಿಂತರೆ, "ನೀನೇನು ಪ್ರೇಮಿಯೋ, ಅಂಚೆಯವನೋ?"

ಬೊಂಬಾಯಿಯ ಸಿನಿಮಾ ಕಂಪನಿಯೊಂದು ಮೂರು ವರ್ಷದ ಕರಾರಿಗೆ ನನ್ನನ್ನು ಕರೆದಿತ್ತು. ಇವತ್ತು ಸಂಜೆಯೊಳಗೆ ಉತ್ತರದ ತಂತಿ ಕೊಡಬೇಕು. ಬೆಳಿಗ್ಗೆಯೇ ಅವರಿಗೆ ಹೇಳಿದ್ದೆ. ಸಿಗರೇಟು ಹಚ್ಚಲು ಹೋಗಿ ಮೂರು ಕಡ್ಡಿ ಹಾಳು ಮಾಡಿ, "ಒಳ್ಳೇದಾಯ್ತು. ಬೇಗ ಬಾ, ಮೋಡ ಕವೀತಿದೆ," ಎಂದಿದ್ದರಷ್ಟೆ. ಬೇಡ ಎಂದು ಒಂದು ಮಾತು ಅಂದಿದ್ದರೆ ಉಳಿದುಬಿಡುತ್ತಿದ್ದೆ. ಅಷ್ಟೂ ಅನ್ನಲಿಲ್ಲವಲ್ಲ ಎಂದು ಅಳು ಬಂತು, ಸಿಟ್ಟೂ ಬಂತು.

ಚಿತ್ರೀಕರಣಕ್ಕಿದ್ದದ್ದು ಅಗಲಿಕೆಯ ದೃಶ್ಯ. ನಾಯಕ ಬೇಡುತ್ತಾನೆ, ನಾಯಕಿ ತಲೆಯಾಡಿಸಿ ಚೌಕಟ್ಟಿನಿಂದ ಆಚೆ ಹೋಗುತ್ತಾಳೆ. ನಮಗಿದ್ದ ದೀಪವೆಂದರೆ ಟಾಲಿಗಂಜಿನ ಸ್ಟುಡಿಯೋ ಅಂಗಳದ ಸೂರ್ಯನೊಬ್ಬನೇ. ಮೋಡ ಸರಿಯಿತು. ಕ್ಯಾಮೆರಾ ನಡೆಸುವ ಗೋಷ್ಠದಾ ಅದರ ಹಿಡಿ ತಿರುಗಿಸತೊಡಗಿದರು.

ಅನಾದಿ ಕಂಬದ ಹಾಗೆ ನಿಂತ.

"ಬೇಡಿಕೊಳ್ಳೋ!" ತುತ್ತೂರಿ ಗುಡುಗಿತು. "ಹೋಗಬೇಡ ಅನ್ನು! ನೀನಿಲ್ಲದೆ ಊಟ ಸೇರಲ್ಲ ಅನ್ನು! ಇನ್ನೊಬ್ಬ ನಿನ್ನ ಕೈ ಹಿಡಿದ್ರೆ ಹೊಟ್ಟೆಗೆ ಬೆಂಕಿ ಬಿದ್ದಂಗಾಗುತ್ತೆ ಅನ್ನು! ಎರಡು ತಿಂಗಳಿಂದ ಹೇಳಕ್ಕಾಗದೆ ಸಾಯ್ತಿದೀನಿ ಅನ್ನು!"

"ಹೇರಂಬಬಾಬು, ಕಥೇಲಿ ನಾನು ಇವಳನ್ನ ನೋಡಿ ನಾಲ್ಕೇ ದಿನ ಆಗಿರೋದು!" ಎಂದ ಅನಾದಿ, ಪಾಪ.

ಯಾರೂ ನಗಲಿಲ್ಲ. ಕೆಲಸದವರೆಲ್ಲ ನನ್ನನ್ನೇ ನೋಡುತ್ತಿದ್ದರು. ಗೋಷ್ಠದಾ ಹಿಡಿ ನಿಲ್ಲಿಸದೆ, "ಹೋಗಮ್ಮ, ಬಿಸಿಲಿರುವಾಗಲೇ ಹೋಗು," ಎಂದು ಗೊಣಗಿದರು.

ತಲೆಯಾಡಿಸಿದೆ. ಚೌಕಟ್ಟಿನಿಂದ ಆಚೆ ಹೋದೆ, ನೇರ ಅವರು ನಿಂತಲ್ಲಿಗೆ.

"ಆ ತುತ್ತೂರಿ ಕೆಳಗಿಟ್ಟು ಹೇಳಿ."

ಇಟ್ಟರು. ಊರೆಲ್ಲ ಕೇಳುವ ಹಾಗೆ ಕೂಗಿದ ಮನುಷ್ಯನಿಗೆ ಈಗ ದನಿಯೇ ಏಳಲಿಲ್ಲ. ತುಟಿ ಮಾತ್ರ ಅಲುಗಿತು.

"ಜೋರಾಗಿ," ಎಂದೆ.

"ಹೋಗಬೇಡ, ತರು."

"ಬೆಳಿಗ್ಗೇನೇ ಹೇಳಿದ್ರೆ ನಾನು ಅಳೋದು ತಪ್ತಿತ್ತಲ್ಲ!"

"ನಿನ್ನ ಭಾಗ್ಯಕ್ಕೆ ಅಡ್ಡ ಬರೋಕೆ ನಾನ್ಯಾರು ಅಂದ್ಕೊಂಡೆ."

"ಯಾರು ಅಂತ ಈಗ ಗೊತ್ತಾಯ್ತಾ?"

ಸಂಜೆ ಟ್ರಾಮ್ ಹಿಡಿದು ತಂತಿ ಕಚೇರಿಗೆ ಇಬ್ಬರೂ ಹೋದೆವು, ಬೊಂಬಾಯಿಗೆ ಬರುವುದಿಲ್ಲ ಎಂದು ತಿಳಿಸಲು. ದಾರಿಯುದ್ದಕ್ಕೂ ಅವರು ನನ್ನ ಕೈ ಬಿಡಲಿಲ್ಲ. ಬಿಡಿ ಎಂದು ನಾನೂ ಹೇಳಲಿಲ್ಲ.